ಜೀನ್ ಶಾರ್ಪ್: ಅಹಿಂಸೆಯನ್ನು ಶಾಸ್ತ್ರವಾಗಿ ಓದಿದ ಅಮೆರಿಕನ್



ಪಾಣಿಪತ್ತಿನಲ್ಲಿ ಎಷ್ಟು ಯುದ್ಧಗಳು ನಡೆದವು ಎಂದು ಕೇಳಿದರೆ ನಿಮ್ಮಲ್ಲಿ ಬಹುತೇಕರು ಥಟ್ಟನೆ ಮೂರು ಎಂದು ಉತ್ತರಿಸುತ್ತೀರಿ, ಇಸವಿಗಳನ್ನೂ ಹೇಳಬಲ್ಲಿರಿ. ಆದರೆ ಒಂದು ಕೋವಿಯನ್ನೂ ಎತ್ತದೆ, ಒಂದು ಕಲ್ಲನ್ನೂ ತೂರದೆ ಜನಸಾಮಾನ್ಯರು ನಡೆಸಿದ ಹೋರಾಟಗಳು ಪ್ರಪಂಚದಲ್ಲಿ ಎಷ್ಟು, ಅವುಗಳಲ್ಲಿ ಗೆದ್ದವು ಯಾವುವು, ಸೋತವು ಏಕೆ ಸೋತವು ಎಂದು ಕೇಳಿದರೆ ವಿದ್ಯಾರ್ಥಿಗಳಿರಲಿ, ಪಾಠ ಹೇಳುವ ನಾವೂ ತಡವರಿಸುತ್ತೇವೆ. ಯುದ್ಧಗಳಿಗೆ ಇತಿಹಾಸಕಾರರಿದ್ದಾರೆ, ಸೇನಾ ಕಾಲೇಜುಗಳಿವೆ, ನಕ್ಷೆಗಳಿವೆ. ಅಹಿಂಸಾತ್ಮಕ ಹೋರಾಟಕ್ಕೆ ಮಾತ್ರ ಗಾಂಧೀಜಿಯವರ ಒಂದು ಭಾವಚಿತ್ರ, ಅಕ್ಟೋಬರ್ ಎರಡರಂದು ಒಂದು ಭಾಷಣ, ಅಲ್ಲಿಗೆ ಮುಗಿಯಿತು.

ಈ ಕೊರತೆಯನ್ನು ಗುರುತಿಸಿ, ಅದನ್ನು ತುಂಬುವುದಕ್ಕೆಂದೇ ತನ್ನ ಅರವತ್ತಕ್ಕೂ ಹೆಚ್ಚು ವರ್ಷಗಳನ್ನು ಕೊಟ್ಟ ಒಬ್ಬ ವಿದ್ವಾಂಸರನ್ನು ಈ ಲೇಖನದಲ್ಲಿ ನಿಮಗೆ ಪರಿಚಯಿಸಬೇಕೆಂದಿದ್ದೇನೆ. ಅವರು ಅಮೆರಿಕದ ರಾಜ್ಯಶಾಸ್ತ್ರಜ್ಞ, ಚಿಂತಕ ಜೀನ್ ಶಾರ್ಪ್. ನಮ್ಮ ದೇಶದ ಹೋರಾಟವನ್ನು ಅವರಷ್ಟು ಶ್ರದ್ಧೆಯಿಂದ ಓದಿದ ಹೊರದೇಶದವರು ವಿರಳ. ಹಾಗಿದ್ದೂ ಅವರ ಹೆಸರು ನಮ್ಮ ಶಾಲಾ ಕಾಲೇಜುಗಳಲ್ಲಿ ಹೆಚ್ಚಾಗಿ ಕೇಳಿಬರುವುದಿಲ್ಲ.

ಶಾರ್ಪ್ ಅವರು ಹುಟ್ಟಿದ್ದು 1928ರ ಜನವರಿ 21ರಂದು, ಓಹಾಯೊ ರಾಜ್ಯದ ನಾರ್ತ್ ಬಾಲ್ಟಿಮೋರ್ ಎಂಬ ಸಣ್ಣ ಊರಿನಲ್ಲಿ. ತಂದೆ ಊರಿಂದೂರಿಗೆ ಹೋಗಿ ಸೇವೆ ಸಲ್ಲಿಸುತ್ತಿದ್ದ ಕ್ರೈಸ್ತ ಪಾದ್ರಿ. ಹುಡುಗ ಹೈಸ್ಕೂಲಿನ ವಯಸ್ಸಿಗೆ ಬರುವಷ್ಟರಲ್ಲಿ ಎರಡನೆಯ ಮಹಾಯುದ್ಧ ನಡೆದಿತ್ತು. ಹಿಟ್ಲರನ ಶಿಬಿರಗಳ ಸುದ್ದಿ, ಹಿರೋಶಿಮಾದ ಬಾಂಬಿನ ಸುದ್ದಿ ಎರಡೂ ಒಂದೇ ವರ್ಷ ಬಂದವು. ಓಹಾಯೊ ಸ್ಟೇಟ್ ವಿಶ್ವವಿದ್ಯಾಲಯದಲ್ಲಿ 1949ರಲ್ಲಿ ಪದವಿ, 1951ರಲ್ಲಿ ಸಮಾಜಶಾಸ್ತ್ರದಲ್ಲಿ ಎಂ.ಎ. ಮುಗಿಸಿದರು. ಅದಾದ ಮೇಲೆ ಅವರು ಕಾಲಿಟ್ಟದ್ದು ಉದ್ಯೋಗಕ್ಕಲ್ಲ, ಸೆರೆಮನೆಗೆ. ಕೊರಿಯಾ ಯುದ್ಧಕ್ಕಾಗಿ ಅಮೆರಿಕ ಸರ್ಕಾರ ಯುವಕರನ್ನು ಕಡ್ಡಾಯವಾಗಿ ಸೈನ್ಯಕ್ಕೆ ಸೇರಿಸಿಕೊಳ್ಳುತ್ತಿತ್ತು. ಶಾರ್ಪ್ ನಿರಾಕರಿಸಿದರು. ನ್ಯಾಯಾಲಯ ಎರಡು ವರ್ಷದ ಶಿಕ್ಷೆ ವಿಧಿಸಿತು. ಒಂಬತ್ತು ತಿಂಗಳಿಗೂ ಸ್ವಲ್ಪ ಹೆಚ್ಚು ಕಾಲ ಒಳಗಿದ್ದು ಹೊರಬಂದರು.

ಸೆರೆಮನೆಗೆ ಹೋಗುವ ಮುನ್ನ ಅವರು ಗಾಂಧೀಜಿಯವರ ಕುರಿತು ಒಂದು ಹಸ್ತಪ್ರತಿ ಸಿದ್ಧಪಡಿಸಿದ್ದರು. ಯಾರ ಪರಿಚಯವೂ ಇಲ್ಲದ ಇಪ್ಪತ್ತೈದರ ತರುಣ, ಆ ಹಸ್ತಪ್ರತಿಯ ವಿಷಯವಾಗಿಯೂ ತನ್ನ ಮೊಕದ್ದಮೆಯ ವಿಷಯವಾಗಿಯೂ ನೇರವಾಗಿ ಆಲ್ಬರ್ಟ್ ಐನ್‌ಸ್ಟೈನ್ ಅವರಿಗೆ ಪತ್ರ ಬರೆದ! ಐನ್‌ಸ್ಟೈನ್ ಉತ್ತರಿಸಿದ್ದಲ್ಲದೆ ಪುಸ್ತಕಕ್ಕೆ ಮುನ್ನುಡಿಯನ್ನೂ ಬರೆದುಕೊಟ್ಟರು. ತರುಣನ ನೈತಿಕ ಸ್ಥೈರ್ಯವನ್ನು ಮೆಚ್ಚಿ, ಇದೇ ಪರಿಸ್ಥಿತಿಯಲ್ಲಿ ತಾವೂ ಹೀಗೆಯೇ ನಡೆದುಕೊಳ್ಳುತ್ತಿದ್ದೆವೆಂದು ಆಶಿಸಬಲ್ಲೆವೇ ಹೊರತು ಖಚಿತವಾಗಿ ಹೇಳಲಾರೆವು ಎಂಬ ಅರ್ಥದ ಮಾತನ್ನು ಆ ಮಹಾವಿಜ್ಞಾನಿ ಬರೆದಿದ್ದರು. ದೊಡ್ಡವರ ದೊಡ್ಡತನ ಇಂತಹ ಕಡೆ ಕಾಣುತ್ತದೆ.

ಆ ಪುಸ್ತಕ ಅಚ್ಚಾದದ್ದು ಅಮೆರಿಕದಲ್ಲಲ್ಲ. 1960ರಲ್ಲಿ ಅಹಮದಾಬಾದಿನ ನವಜೀವನ ಪ್ರಕಾಶನ ಅದನ್ನು ಹೊರತಂದಿತು. ಅದರಲ್ಲಿ ಶಾರ್ಪ್ ಮೂರು ಘಟನೆಗಳನ್ನು ಎತ್ತಿಕೊಂಡಿದ್ದಾರೆ: 1917ರ ಚಂಪಾರಣ್, 1930-31ರ ಸ್ವಾತಂತ್ರ್ಯ ಚಳವಳಿ ಮತ್ತು 1948ರ ಜನವರಿಯಲ್ಲಿ ದೆಹಲಿಯಲ್ಲಿ ನಡೆದ ಗಾಂಧೀಜಿಯವರ ಕೊನೆಯ ಉಪವಾಸ. ಮೂರನೆಯದನ್ನು ಆರಿಸಿಕೊಂಡದ್ದು ವಿಶೇಷ. ವಿಭಜನೆಯ ರಕ್ತಪಾತದಲ್ಲಿ ದೆಹಲಿಯ ಮುಸ್ಲಿಮರು ಮನೆಮಠ ಬಿಟ್ಟು ಓಡುತ್ತಿದ್ದಾಗ, ಅವರು ನಿರ್ಭಯವಾಗಿ ತಿರುಗಾಡುವಂತಾಗಬೇಕು, ವಶಪಡಿಸಿಕೊಂಡ ಮಸೀದಿಗಳನ್ನು ಬಿಟ್ಟುಕೊಡಬೇಕು, ಮೆಹ್ರೌಲಿಯಲ್ಲಿ ಖ್ವಾಜಾ ಕುತ್ಬುದ್ದೀನರ ಉರುಸ್ ಎಂದಿನಂತೆ ನಡೆಯಬೇಕು ಎಂದು ಎಪ್ಪತ್ತೆಂಟರ ಮುದುಕರೊಬ್ಬರು 13ರಿಂದ 18ನೇ ತಾರೀಖಿನವರೆಗೆ ಅನ್ನ ಬಿಟ್ಟು ಮಲಗಿದರು. ಹನ್ನೆರಡು ದಿನಗಳ ಬಳಿಕ ಅವರ ಹತ್ಯೆಯಾಯಿತು. ಬ್ರಿಟಿಷರ ವಿರುದ್ಧದ ಹೋರಾಟವಷ್ಟೇ ಅಲ್ಲ, ನಮ್ಮವರೇ ನಮ್ಮವರ ವಿರುದ್ಧ ನಿಂತಾಗ ಈ ಅಸ್ತ್ರ ಹೇಗೆ ಕೆಲಸ ಮಾಡುತ್ತದೆ ಎಂಬುದನ್ನೂ ಆ ತರುಣ ತಿಳಿಯಬಯಸಿದ್ದರು.

ಬಿಡುಗಡೆಯ ನಂತರ ಅವರು ಶಾಂತಿ ಹೋರಾಟಗಾರ ಎ. ಜೆ. ಮಸ್ಟಿ ಅವರಿಗೆ ಕೆಲಕಾಲ ಕಾರ್ಯದರ್ಶಿಯಾಗಿದ್ದು, 1955ರಲ್ಲಿ ಲಂಡನ್ನಿನ 'ಪೀಸ್ ನ್ಯೂಸ್' ಪತ್ರಿಕೆಗೆ ಸಹಾಯಕ ಸಂಪಾದಕರಾದರು. ಅಲ್ಲಿಂದ ನಾರ್ವೆಗೆ ಹೋಗಿ ದಾರ್ಶನಿಕ ಆರ್ನೆ ನೆಸ್ ಅವರ ಜೊತೆ ಸಂಶೋಧನೆ ಮಾಡಿದರು. ನಾರ್ವೆಯಲ್ಲಿ ಅವರು ಮಾಡಿದ ಒಂದು ಕೆಲಸವನ್ನು ನಾನು ಸ್ವಲ್ಪ ವಿವರವಾಗಿಯೇ ಹೇಳುತ್ತೇನೆ. ಏಕೆಂದರೆ ಅದು ನಮ್ಮ ವೃತ್ತಿಬಾಂಧವರ ಕಥೆ, ಶಿಕ್ಷಕರ ಕಥೆ.

ಗಾಂಧೀಜಿಯ ಪಾಠ ಮಾಡುವಾಗಲೆಲ್ಲ ತರಗತಿಯಲ್ಲಿ ಯಾರಾದರೊಬ್ಬ ಜಾಣ ಎದ್ದು ನಿಂತು, "ಸಾರ್, ಬ್ರಿಟಿಷರಾದ್ದರಿಂದ ನಡೆಯಿತು, ಹಿಟ್ಲರನ ಮುಂದೆ ನಡೆಯುತ್ತಿತ್ತೇ?" ಎಂದು ಕೇಳುವುದುಂಟು. ಒಳ್ಳೆಯ ಪ್ರಶ್ನೆಯೇ. ಶಾರ್ಪ್ ಅವರ ಮನಸ್ಸಿನಲ್ಲೂ ಅದು ಇತ್ತು. 1940ರಲ್ಲಿ ಹಿಟ್ಲರನ ಸೈನ್ಯ ನಾರ್ವೆಯನ್ನು ಆಕ್ರಮಿಸಿತು. ಅಲ್ಲಿನವನೇ ಆದ ವಿಡ್ಕುನ್ ಕ್ವಿಸ್ಲಿಂಗ್ ಎಂಬವನು ನಾಜಿಗಳ ಕೈಗೊಂಬೆಯಾಗಿ 1942ರ ಫೆಬ್ರವರಿಯಲ್ಲಿ ಪ್ರಧಾನಿಯ ಪಟ್ಟಕ್ಕೇರಿದ. (ಇಂದಿಗೂ ಇಂಗ್ಲಿಷಿನಲ್ಲಿ 'ಕ್ವಿಸ್ಲಿಂಗ್' ಎಂದರೆ ದೇಶದ್ರೋಹಿ ಎಂದೇ ಅರ್ಥ. ನಮ್ಮಲ್ಲಿ ಮೀರ್ ಸಾದಿಕನ ಹೆಸರಿಗೆ ಬಂದ ಗತಿಯೇ ಅವನ ಹೆಸರಿಗೂ ಬಂತು.) ಅವನು ಮೊಟ್ಟಮೊದಲು ಕೈಹಾಕಿದ್ದು ಶಾಲೆಗಳಿಗೆ. ಶಿಕ್ಷಕರೆಲ್ಲರೂ ತನ್ನ ಪಕ್ಷದ ಹೊಸ ಸಂಘಕ್ಕೆ ಕಡ್ಡಾಯವಾಗಿ ಸೇರಬೇಕು, ಮಕ್ಕಳೆಲ್ಲರೂ ಪಕ್ಷದ ಯುವದಳಕ್ಕೆ ಸೇರಬೇಕು ಎಂದು ಕಾನೂನು ಮಾಡಿದ. ಮಕ್ಕಳ ಮನಸ್ಸನ್ನು ಹಿಡಿದರೆ ದೇಶವನ್ನೇ ಹಿಡಿದಂತೆ ಎಂಬ ಲೆಕ್ಕಾಚಾರ.

ಆಗ ನಾರ್ವೆಯಲ್ಲಿದ್ದ ಶಿಕ್ಷಕರು ಸುಮಾರು 12,000. ಗುಟ್ಟಾಗಿ ಕೆಲವರು ಸೇರಿ ಒಂದು ಪುಟ್ಟ ಒಕ್ಕಣೆ ಸಿದ್ಧಪಡಿಸಿದರು: ಇಂತಹ ಶಿಕ್ಷಣದಲ್ಲಿ ಭಾಗಿಯಾಗುವುದು ನನ್ನ ಆತ್ಮಸಾಕ್ಷಿಗೆ ವಿರುದ್ಧವಾದ್ದರಿಂದ ಸಂಘದ ಸದಸ್ಯನೆಂದು ನನ್ನನ್ನು ನಾನು ಪರಿಗಣಿಸಲಾರೆ, ಎಂಬುದು ಅದರ ಸಾರ. ಒಂದೇ ಮಾತು, ಆದರೆ ಪ್ರತಿಯೊಬ್ಬರೂ ತಮ್ಮ ಹೆಸರು ಬರೆದು, ಸಹಿ ಹಾಕಿ ಅಂಚೆಗೆ ಹಾಕಬೇಕು. ಓದುಗರೇ, ಅನಾಮಧೇಯ ಅರ್ಜಿ ಬರೆಯುವುದಕ್ಕೂ ಇದಕ್ಕೂ ಇರುವ ಅಂತರವನ್ನು ಯೋಚಿಸಿ. ಸಂಬಳ ಕೊಡುವ ಸರ್ಕಾರಕ್ಕೆ, ಅದರ ಬೆನ್ನಿಗೆ ಜರ್ಮನ್ ಸೈನ್ಯ ನಿಂತಿರುವಾಗ, ವಿಳಾಸ ಸಮೇತ ನಿರಾಕರಣೆಯ ಪತ್ರ! ಎಂಟು ಸಾವಿರದಿಂದ ಹತ್ತು ಸಾವಿರ ಶಿಕ್ಷಕರು ಬರೆದರು.

ಸರ್ಕಾರ ಸೌದೆ ಸಾಲದೆಂಬ ನೆಪ ಹೇಳಿ ಒಂದು ತಿಂಗಳು ಶಾಲೆಗಳನ್ನು ಮುಚ್ಚಿತು. ಶಿಕ್ಷಕರು ಮನೆಗಳಲ್ಲಿ ಪಾಠ ಮಾಡಿದರು. ಮಕ್ಕಳ ತಂದೆತಾಯಿಗಳಿಂದ ಪ್ರತಿಭಟನೆಯ ಪತ್ರಗಳು ಹತ್ತಾರು ಸಾವಿರದ ಲೆಕ್ಕದಲ್ಲಿ ಸರ್ಕಾರಿ ಕಚೇರಿಗೆ ಬಂದು ಬಿದ್ದವು. ಮಾರ್ಚ್ ತಿಂಗಳಲ್ಲಿ ಸುಮಾರು ಒಂದು ಸಾವಿರ ಶಿಕ್ಷಕರನ್ನು ಬಂಧಿಸಿ ಶಿಬಿರಗಳಿಗೆ ತಳ್ಳಲಾಯಿತು. ಅರೆಹೊಟ್ಟೆಯ ಊಟ, ಹಿಮದಲ್ಲಿ ತೆವಳಿಸುವ 'ವ್ಯಾಯಾಮ'. ಕ್ಷಮೆ ಕೇಳಿ ಸಹಿ ಹಾಕಿದರೆ ಮನೆಗೆ ಹೋಗಬಹುದಿತ್ತು, ಹಾಕಿದವರು ಬೆರಳೆಣಿಕೆಯಷ್ಟು. ಏಪ್ರಿಲ್‌ನಲ್ಲಿ ಐನೂರರಷ್ಟು ಮಂದಿಯನ್ನು ದನಗಳ ಡಬ್ಬಿಯಲ್ಲಿ ತುಂಬಿ, ಬಳಿಕ ಹಡಗಿನಲ್ಲಿ, ಉತ್ತರ ಧ್ರುವ ವಲಯದ ಕಿರ್ಕೆನೆಸ್‌ಗೆ ಒಯ್ದು ಬಂದರಿನಲ್ಲಿ ಕೂಲಿಗೆ ಹಚ್ಚಲಾಯಿತು. ಆ ರೈಲು ಹಾದುಹೋದ ನಿಲ್ದಾಣಗಳಲ್ಲಿ ಮಕ್ಕಳು ಗುಂಪುಗೂಡಿ ತಮ್ಮ ಮೇಷ್ಟ್ರುಗಳಿಗಾಗಿ ಹಾಡಿದರಂತೆ. ಇಷ್ಟೆಲ್ಲ ಆದರೂ ಹೊರಗುಳಿದ ಶಿಕ್ಷಕರು ಬಗ್ಗಲಿಲ್ಲ. ಶಾಲೆ ಮತ್ತೆ ತೆರೆದಾಗ ಹಲವರು ಮೊದಲ ದಿನವೇ ಮಕ್ಕಳೆದುರು ಆತ್ಮಸಾಕ್ಷಿಯ ಕುರಿತು ಹೇಳಿಕೆ ಓದಿ ಪಾಠ ಆರಂಭಿಸಿದರು. ಕ್ವಿಸ್ಲಿಂಗ್ ಸ್ವತಃ ಒಂದು ಶಾಲೆಗೆ ಹೋಗಿ, ನೀವು ಶಿಕ್ಷಕರು ನನ್ನದೆಲ್ಲವನ್ನೂ ಹಾಳುಮಾಡಿದಿರಿ ಎಂದು ಕೂಗಾಡಿದ. ನವೆಂಬರ್ ಹೊತ್ತಿಗೆ ಬಂಧಿತರು ಮನೆಗೆ ಮರಳಿದ್ದರು. ಆ ಸಂಘ ಹುಟ್ಟಲೇ ಇಲ್ಲ.

ಶಾರ್ಪ್ ಅವರು ಆ ಶಿಕ್ಷಕರನ್ನು ಮುಖತಃ ಕಂಡು, ವಿಚಾರಿಸಿ, 1958ರಲ್ಲಿ ಇದನ್ನೊಂದು ಕಿರುಹೊತ್ತಗೆಯಾಗಿ ಪ್ರಕಟಿಸಿದರು. ನಾಜಿಗಳು ನಾರ್ವೆಯವರನ್ನು ತಮ್ಮದೇ ಕುಲದವರೆಂದು ಭಾವಿಸಿ ಸ್ವಲ್ಪ ಕೈ ತಡೆದರು, ಪೋಲೆಂಡಿನಲ್ಲಾಗಿದ್ದರೆ ಇದೇ ಶಿಕ್ಷಕರನ್ನು ಸಾಲಾಗಿ ನಿಲ್ಲಿಸಿ ಗುಂಡಿಕ್ಕುತ್ತಿದ್ದರು ಎಂದು ವಿಮರ್ಶಕರು ಹೇಳುವುದುಂಟು. ಆ ಮಾತಿನಲ್ಲಿ ಸತ್ಯಾಂಶವಿದೆ. ಆದರೆ ಆ ಶಿಕ್ಷಕರಿಗೆ ಪತ್ರ ಅಂಚೆಗೆ ಹಾಕುವ ದಿನ ಅದು ಗೊತ್ತಿರಲಿಲ್ಲವಲ್ಲ!

ಇನ್ನು ಅವರ ವಿಚಾರಕ್ಕೆ ಬರೋಣ. ಹದಿನಾರನೇ ಶತಮಾನದ ಫ್ರಾನ್ಸಿನಲ್ಲಿ ಎಟಿಯೆನ್ ದ ಲಾ ಬೊಯೆಸಿ ಎಂಬ ತರುಣನೊಬ್ಬ, ಲಕ್ಷಾಂತರ ಜನ ಒಬ್ಬ ದಬ್ಬಾಳಿಕೆಗಾರನಿಗೆ ತಲೆಬಾಗುವುದೇಕೆ ಎಂದು ಕೇಳಿಕೊಂಡಿದ್ದ. ಶಾರ್ಪ್ ಅವರ ಚಿಂತನೆಯ ಬೇರು ಆ ಪ್ರಶ್ನೆಯಲ್ಲಿದೆ. ಅಧಿಕಾರವೆಂಬುದು ಆಳುವವನ ಹುಟ್ಟುಗುಣವಲ್ಲ, ಅವನ ಖಜಾನೆಯಲ್ಲಿ ಬೀಗ ಹಾಕಿಟ್ಟ ವಸ್ತುವೂ ಅಲ್ಲ ಎನ್ನುತ್ತಾರೆ ಅವರು. ಕಂದಾಯ ಬರೆದುಕೊಳ್ಳುವ ಗುಮಾಸ್ತ, ಲಾರಿ ಓಡಿಸುವ ಚಾಲಕ, ವಿದ್ಯುತ್ ಕೊಡುವ ಲೈನ್‌ಮನ್, ಆದೇಶ ಟೈಪು ಮಾಡುವವನು, ಲಾಠಿ ಹಿಡಿದ ಪೇದೆ, ಇವರೆಲ್ಲ ದಿನಬೆಳಗಾದರೆ ತಂತಮ್ಮ ಕೆಲಸಕ್ಕೆ ಹಾಜರಾಗುವುದರಿಂದಲೇ ಅವನ ಆಜ್ಞೆ ಆಜ್ಞೆಯಾಗುತ್ತದೆ. ಅವರು ಹಾಜರಾಗದಿದ್ದರೆ? ಅರಮನೆಯಿರುತ್ತದೆ, ಸಿಂಹಾಸನವಿರುತ್ತದೆ, ಆಜ್ಞೆಯೂ ಹೊರಡುತ್ತದೆ, ಏನೂ ನಡೆಯುವುದಿಲ್ಲ. ಜನ ಏಕೆ ಪಾಲಿಸುತ್ತಾರೆ ಎಂಬುದಕ್ಕೆ ಅವರು ಕೊಡುವ ಕಾರಣಗಳಲ್ಲಿ ಶಿಕ್ಷೆಯ ಭಯ ಒಂದು ಮಾತ್ರ. ಅಭ್ಯಾಸಬಲ, ಸ್ವಾರ್ಥ, ಪಾಲಿಸುವುದೇ ಧರ್ಮವೆಂಬ ನಂಬಿಕೆ, ನಮಗೇಕೆ ಎಂಬ ಉದಾಸೀನ, ನಮ್ಮಿಂದೇನಾದೀತು ಎಂಬ ಕೀಳರಿಮೆ, ಇವೆಲ್ಲ ಅದರ ಜೊತೆಗಿವೆ. ಕೊನೆಯದನ್ನು ನಾನು ಅಡಿಗೆರೆ ಹಾಕಿ ಓದುತ್ತೇನೆ. ವಿದ್ಯೆಯಿಲ್ಲದ ಸಮುದಾಯಗಳನ್ನು ಎಲ್ಲಕ್ಕಿಂತ ಹೆಚ್ಚಾಗಿ ಕಟ್ಟಿಹಾಕಿರುವುದು ಅದೇ.

ಈ ಮಾತಿಗೆ ಪೇಶಾವರದ ಕಿಸ್ಸಾಖ್ವಾನಿ ಬಜಾರಿಗಿಂತ ಒಳ್ಳೆಯ ಉದಾಹರಣೆ ನನಗೆ ತಿಳಿದಿಲ್ಲ. ಖಾನ್ ಅಬ್ದುಲ್ ಗಫಾರ್ ಖಾನ್ ಅವರು ಮೊದಲು ಕಟ್ಟಿದ್ದು ಸೈನ್ಯವನ್ನಲ್ಲ, ಶಾಲೆಯನ್ನು. 1921ರಲ್ಲಿ ತಮ್ಮ ಊರಾದ ಉತ್ಮಾನ್‌ಝೈಯಲ್ಲಿ ಆಜಾದ್ ಶಾಲೆಯನ್ನೂ, ಪಠಾಣರ ಸುಧಾರಣೆಗಾಗಿ ಒಂದು ಅಂಜುಮನ್ನನ್ನೂ ಸ್ಥಾಪಿಸಿದರು. 1929ರಲ್ಲಿ ಅದರಿಂದ ಖುದಾಯಿ ಖಿದ್ಮತ್‌ಗಾರ್ ದಳ ಬೆಳೆಯಿತು. ಮನೆಮನೆಯಲ್ಲೂ ಬಂದೂಕು ಇರುವ, ಸೇಡನ್ನು ತಲೆಮಾರುಗಟ್ಟಲೆ ಕಾಯ್ದಿಡುವ ಪಠಾಣರು ಹಿಂಸೆ ಮಾಡುವುದಿಲ್ಲ, ಸೇಡು ತೀರಿಸಿಕೊಳ್ಳುವುದಿಲ್ಲ ಎಂದು ದೇವರ ಹೆಸರಿನಲ್ಲಿ ಪ್ರಮಾಣ ಮಾಡಿದರು. ಅಹಿಂಸೆ ದುರ್ಬಲರ ಗುಣ, ಅದು ಮುಸಲ್ಮಾನರ ಸ್ವಭಾವಕ್ಕೆ ಒಗ್ಗದು ಎಂದು ಹೇಳುವವರು ಇಂದಿಗೂ ಇದ್ದಾರೆ. ಹೊರಗಿನವರೂ ಹೇಳುತ್ತಾರೆ, ನಮ್ಮೊಳಗಿನ ಕೆಲವು ಬಿಸಿರಕ್ತದವರೂ ಹೇಳುತ್ತಾರೆ. ಇಬ್ಬರೂ ಬಾದ್‌ಷಾ ಖಾನರ ಇತಿಹಾಸವನ್ನು ಓದಿಲ್ಲವೆಂದೇ ಅರ್ಥ. 1930ರ ಏಪ್ರಿಲ್ 23ರಂದು ಪೇಶಾವರದಲ್ಲಿ ನಿರಾಯುಧ ಜನರ ಮೇಲೆ ಗುಂಡು ಹಾರಿಸಲಾಯಿತು; ಜನ ಸತ್ತು ಬಿದ್ದರು, ಉಳಿದವರು ಕದಲಲಿಲ್ಲ. ಆ ದಿನ ಗಢ್ವಾಲ್ ರೈಫಲ್ಸ್ ದಳದ ಚಂದ್ರ ಸಿಂಗ್ ಗಢ್ವಾಲಿ ಮತ್ತವರ ಸಂಗಡಿಗರು ಗುಂಡಿಕ್ಕುವ ಆಜ್ಞೆಯನ್ನು ಪಾಲಿಸಲು ನಿರಾಕರಿಸಿದರು. ಅವರು ಹಿಮಾಲಯದ ಹಿಂದೂ ಸೈನಿಕರು. ಎದುರಿಗಿದ್ದವರು ಪಠಾಣ ಮುಸ್ಲಿಮರು. ಚಂದ್ರ ಸಿಂಗರಿಗೆ ಜೀವಾವಧಿ ಶಿಕ್ಷೆಯಾಗಿ, 1941ರಲ್ಲಿ ಬಿಡುಗಡೆಯಾಯಿತು. ಸಾಮ್ರಾಜ್ಯಕ್ಕೆ ದೊಡ್ಡ ದಿಗಿಲು ಹುಟ್ಟಿಸಿದ್ದು ಆ ಬಜಾರಿನಲ್ಲಿ ಕಲ್ಲುಗಳಲ್ಲ, ಕೆಳಗಿಳಿದ ಆ ಬಂದೂಕುಗಳು.

ದಮನ ಹೆಚ್ಚಿದಷ್ಟೂ ದಮನ ಮಾಡುವವನೇ ಮುಗ್ಗರಿಸುವ ಈ ಕ್ರಿಯೆಗೆ ಶಾರ್ಪ್ ಅವರು 'ರಾಜಕೀಯ ಜಿಯು-ಜಿಟ್ಸು' ಎಂದು ಹೆಸರಿಟ್ಟರು. ಎದುರಾಳಿಯ ಬಲವನ್ನೇ ಬಳಸಿ ಅವನನ್ನು ಕೆಡಹುವ ಜಪಾನಿ ಕುಸ್ತಿಯದು. ಗರಡಿಮನೆಯ ಪಟ್ಟುಗಳನ್ನು ಬಲ್ಲವರಿಗೆ ಇದನ್ನು ವಿವರಿಸಬೇಕಿಲ್ಲ. ಆದರೆ ಒಂದು ಷರತ್ತಿದೆ: ಈ ಕಡೆಯಿಂದ ಒಂದೇ ಒಂದು ಕಲ್ಲು ಹಾರಿದರೂ ಪಟ್ಟು ತಪ್ಪಿತು. ಗುಂಡು ಹೊಡೆಯುವವನಿಗೆ ಕಾರಣ ಸಿಕ್ಕಿತು, ನೋಡುವವರಿಗೆ ಅನುಮಾನ ಬಂತು, ಬಂದೂಕು ಇಳಿಸಬಹುದಾಗಿದ್ದ ಸೈನಿಕನ ಮನಸ್ಸು ಗಟ್ಟಿಯಾಯಿತು.

ಆಕ್ಸ್‌ಫರ್ಡ್‌ನಲ್ಲಿ 1968ರಲ್ಲಿ ಡಾಕ್ಟರೇಟ್ ಪಡೆದ ಶಾರ್ಪ್ ಅವರು ಅದಕ್ಕೆ ಮೊದಲೇ, 1965ರಲ್ಲಿ, ಹಾರ್ವರ್ಡ್ ವಿಶ್ವವಿದ್ಯಾಲಯದ ಅಂತರರಾಷ್ಟ್ರೀಯ ವ್ಯವಹಾರಗಳ ಕೇಂದ್ರಕ್ಕೆ ಸೇರಿದ್ದರು. ಮುಂದೆ ಮ್ಯಾಸಚೂಸೆಟ್ಸ್‌ನಲ್ಲಿ ರಾಜ್ಯಶಾಸ್ತ್ರದ ಪ್ರಾಧ್ಯಾಪಕರೂ ಆದರು. 1973ರಲ್ಲಿ ಹೊರಬಂದ 'ದ ಪಾಲಿಟಿಕ್ಸ್ ಆಫ್ ನಾನ್‌ವಯಲೆಂಟ್ ಆಕ್ಷನ್' ಅವರ ಮಹಾಕೃತಿ. ಮೂರು ಭಾಗ, ಒಂಬೈನೂರರಷ್ಟು ಪುಟ. ಅದಕ್ಕೆ ಪೀಠಿಕೆ ಬರೆದವರು ಅಣ್ವಸ್ತ್ರ ಯುಗದ ಯುದ್ಧತಂತ್ರದ ಚಿಂತಕ, ಮುಂದೆ 2005ರಲ್ಲಿ ಅರ್ಥಶಾಸ್ತ್ರದ ನೊಬೆಲ್ ಪಡೆದ ಥಾಮಸ್ ಶೆಲ್ಲಿಂಗ್. ಶಾರ್ಪ್ ಅವರ ಆರಂಭದ ಸಂಶೋಧನೆಗೆ ಅಮೆರಿಕದ ರಕ್ಷಣಾ ಇಲಾಖೆಯ ಸಂಶೋಧನಾ ಅನುದಾನದ ಹಣವೂ ಬಂದಿತ್ತು. ಅವರು ಅದನ್ನು ಮುಚ್ಚಿಡಲಿಲ್ಲ; ಆದರೂ ಯುದ್ಧವಿರೋಧಿಯೊಬ್ಬರ ಬರಹಕ್ಕೆ ಆ ಹಣ ಸೇರಿದ್ದು ಮುಂದೆ ಟೀಕಾಕಾರರಿಗೆ ಒಂದು ಹಿಡಿಕೆಯಾಯಿತು.

ಆ ಗ್ರಂಥದ ಎರಡನೇ ಭಾಗದಲ್ಲಿ ಪ್ರಸಿದ್ಧವಾದ ಪಟ್ಟಿಯಿದೆ: ಅಹಿಂಸಾತ್ಮಕ ಹೋರಾಟದ 198 ವಿಧಾನಗಳು. ಮೊದಲನೆಯದು ಸಾರ್ವಜನಿಕ ಭಾಷಣ. ಮೌನ, ಬಿರುದು ಹಿಂದಿರುಗಿಸುವುದು, ಬೆನ್ನು ತಿರುಗಿಸಿ ನಿಲ್ಲುವುದು, ಬಹಿಷ್ಕಾರ, ಹಲವು ಬಗೆಯ ಮುಷ್ಕರಗಳು ಮುಂದೆ ಬರುತ್ತವೆ. ಉರ್ದು ಬಲ್ಲವರಿಗೆ 70ನೆಯದು ಕಣ್ಣಿಗೆ ಬೀಳುತ್ತದೆ. ದಬ್ಬಾಳಿಕೆಯ ನಾಡನ್ನು ತೊರೆದು ಹೋಗುವುದಕ್ಕೆ ಅವರು ಕೊಟ್ಟ ಹೆಸರು 'ಹಿಜ್ರತ್'. 118ನೆಯದು 'ಹರತಾಳ'. ಈ ಎರಡೂ ಪದಗಳು ಇಂಗ್ಲಿಷ್ ಗ್ರಂಥಕ್ಕೆ ನಮ್ಮ ನೆಲದಿಂದ ಹೋದವು. ಕರನಿರಾಕರಣೆಯೂ ಪಟ್ಟಿಯಲ್ಲಿದೆ, ಅದರ ಅರ್ಥ ತಿಳಿಯಲು ನಮ್ಮ ವಿದ್ಯಾರ್ಥಿಗಳು ದೂರ ಹೋಗಬೇಕಿಲ್ಲ, 1930ರ ದಶಕದ ಆರಂಭದಲ್ಲಿ ಅಂಕೋಲೆ, ಸಿದ್ದಾಪುರದ ರೈತರು ಭೂಮಿ ಕಳೆದುಕೊಂಡೂ ಕಂದಾಯ ಕೊಡದೆ ನಿಂತ ಕಥೆಯನ್ನು ಓದಿದರೆ ಸಾಕು.

ಪಟ್ಟಿಗಿಂತ ಮುಖ್ಯವಾದುದು ಅವರು ಹೇಳಿದ ಸಿದ್ಧತೆ. ಹೋರಾಟವೆಂದರೆ ಸಿಟ್ಟು ಬಂದ ದಿನ ಬೀದಿಗಿಳಿಯುವುದಲ್ಲ. ಎದುರಾಳಿ ಯಾವ ಕಂಬಗಳ ಮೇಲೆ ನಿಂತಿದ್ದಾನೆ, ಯಾವ ಕಂಬ ಸಡಿಲವಾಗಿದೆ, ನಮ್ಮ ಬೇಡಿಕೆ ಯಾವುದು, ನಾಯಕರು ಜೈಲಿಗೆ ಹೋದರೆ ಮುಂದೆ ಯಾರು, ಇದನ್ನೆಲ್ಲ ಸೇನಾಧಿಕಾರಿಯಷ್ಟೇ ಕಟ್ಟುನಿಟ್ಟಾಗಿ ಮೊದಲೇ ಯೋಚಿಸಬೇಕು. ಉರ್ದುವಿನಲ್ಲಿ 'ತಾಲೀಮ್' ಎಂದರೆ ವಿದ್ಯೆ. ಅದೇ ಪದ ಕನ್ನಡಕ್ಕೆ ಬಂದು 'ತಾಲೀಮು' ಆಗಿ ಗರಡಿಯ ಕಸರತ್ತಾಯಿತು, ನಾಟಕದ ಪೂರ್ವಾಭ್ಯಾಸವಾಯಿತು. ಎರಡೂ ಭಾಷೆ ಕಲಿಸುವವನಾದ ನನಗೆ ಶಾರ್ಪ್ ಅವರು ಕೇಳುತ್ತಿದ್ದುದು ಈ ಎರಡೂ ಅರ್ಥದ ತಾಲೀಮು ಎನಿಸುತ್ತದೆ.

ಇಲ್ಲಿ ಗಾಂಧೀಜಿಗೂ ಅವರಿಗೂ ಒಂದು ಭೇದವಿದೆ. ಗಾಂಧೀಜಿಗೆ ಅಹಿಂಸೆ ಆತ್ಮಶುದ್ಧಿಯ ಮಾರ್ಗ, ಸತ್ಯದ ಶೋಧ. ಶಾರ್ಪ್ ಅವರು ಅದನ್ನು ಧರ್ಮಶ್ರದ್ಧೆಯಿಂದ ಬಿಡಿಸಿ ಒಂದು ತಂತ್ರವನ್ನಾಗಿ ನೋಡಿದರು. ಇದನ್ನು ಬಳಸಲು ಮಹಾತ್ಮರಾಗಬೇಕಿಲ್ಲ, ಶತ್ರುವನ್ನು ಪ್ರೀತಿಸಬೇಕಿಲ್ಲ. ಹಟಮಾರಿಯಾದರೂ ಸಾಕು ಎಂಬ ನಿಲುವು ಅವರದು. ಗಾಂಧೀಜಿಯ ಜೊತೆ ನಡೆದ ಲಕ್ಷಾಂತರ ಜನರಲ್ಲೂ ಹೆಚ್ಚಿನವರು ಅಹಿಂಸೆಯನ್ನು ಒಪ್ಪಿದ್ದು ನೀತಿಯಾಗಿ ಮಾತ್ರ, ವ್ರತವಾಗಿ ಅಲ್ಲ ಎಂದು ಅವರು ತೋರಿಸಿದರು. ಇದು ಸರಿಯೇ? ನನ್ನ ಮಟ್ಟಿಗೆ ಅರ್ಧ ಮಾತ್ರ ಸರಿ. ಸಾಮಾನ್ಯನೂ ಈ ಅಸ್ತ್ರ ಹಿಡಿಯಬಲ್ಲ ಎಂದು ಹೇಳಿ ಅವರು ದೊಡ್ಡ ಉಪಕಾರ ಮಾಡಿದರು. ಆದರೆ ಗುಂಡಿನೆದುರು ಕದಲದೆ ನಿಂತ ಖುದಾಯಿ ಖಿದ್ಮತ್‌ಗಾರನನ್ನು ತಂತ್ರವೊಂದೇ ಅಲ್ಲಿ ನಿಲ್ಲಿಸಿರಲಾರದು. ಅವನ ಪ್ರಮಾಣ, ಅವನ ಸಬ್ರ್ ಅವನನ್ನು ನಿಲ್ಲಿಸಿತು. ಇನ್ನೊಂದು ಆಕ್ಷೇಪವೂ ಇದೆ. ಸರ್ವಾಧಿಕಾರಿಯಿಂದ ಸಹಕಾರವನ್ನು ಹಿಂತೆಗೆದುಕೊಳ್ಳಬಹುದು, ಸರಿ. ಜಾತಿಯ ಕಟ್ಟಿಗೆ, ಮನೆಯೊಳಗಿನ ದಬ್ಬಾಳಿಕೆಗೆ ಸಿಕ್ಕಿದವರು ಯಾರಿಂದ, ಎಲ್ಲಿಂದ ಹಿಂತೆಗೆಯಬೇಕು? ಅಲ್ಲಿ ಸಿಂಹಾಸನವೇ ಕಣ್ಣಿಗೆ ಕಾಣುವುದಿಲ್ಲ. ಶಾರ್ಪ್ ಅವರ ಸಿದ್ಧಾಂತ ಇದಕ್ಕೆ ತೃಪ್ತಿಕರ ಉತ್ತರ ಕೊಡುವುದಿಲ್ಲ.

1983ರಲ್ಲಿ ಅವರು ಆಲ್ಬರ್ಟ್ ಐನ್‌ಸ್ಟೈನ್ ಇನ್‌ಸ್ಟಿಟ್ಯೂಷನ್ ಎಂಬ ಸಂಸ್ಥೆ ಕಟ್ಟಿದರು. ಹೆಸರು ದೊಡ್ಡದು, ಕಾರ್ಯಾಲಯ ಮಾತ್ರ ಈಸ್ಟ್ ಬಾಸ್ಟನ್ನಿನ ಅವರ ಮನೆಯ ಕೆಳ ಅಂತಸ್ತು. 1980ರ ದಶಕದಲ್ಲಿ ಪ್ಯಾಲೆಸ್ತೀನಿನ ಮುಬಾರಕ್ ಅವದ್ ಅವರು ಶಾರ್ಪ್ ಅವರ ವಿಚಾರಗಳನ್ನು ಅರಬ್ಬಿಯಲ್ಲಿ ಹಂಚಿ, ಜೆರುಸಲೇಮಿನಲ್ಲಿ ಅಹಿಂಸಾ ಅಧ್ಯಯನ ಕೇಂದ್ರ ನಡೆಸಿದರು. ಕೈಯಲ್ಲಿ ಕೋಲೂ ಇಲ್ಲದ ಆ ಮನುಷ್ಯನನ್ನು 1988ರಲ್ಲಿ ಇಸ್ರೇಲ್ ಗಡೀಪಾರು ಮಾಡಿತು. 1993ರಲ್ಲಿ ಬರ್ಮಾದ ಹೋರಾಟಗಾರರ ಕೋರಿಕೆಯ ಮೇರೆಗೆ ಶಾರ್ಪ್ ಅವರು ಒಂದು ತೆಳುವಾದ ಪುಸ್ತಕ ಬರೆದರು: 'ಫ್ರಂ ಡಿಕ್ಟೇಟರ್‌ಶಿಪ್ ಟು ಡೆಮಾಕ್ರಸಿ'. ತನಗೆ ಬರ್ಮಾ ಚೆನ್ನಾಗಿ ಗೊತ್ತಿಲ್ಲವೆಂದು ಅದರಲ್ಲಿ ಆ ದೇಶದ ಮಾತೇ ಬಾರದಂತೆ, ಯಾವ ದೇಶಕ್ಕಾದರೂ ಹೊಂದುವಂತೆ ಬರೆದರು. ಬ್ಯಾಂಕಾಕ್‌ನಲ್ಲಿ ಅಚ್ಚಾದ ಅದು ಮೂವತ್ತಕ್ಕೂ ಹೆಚ್ಚು ಭಾಷೆಗಳಿಗೆ ಹೋಯಿತು. 2000ದಲ್ಲಿ ಸರ್ಬಿಯದ ಮಿಲೊಸೆವಿಚ್‌ನನ್ನು ಇಳಿಸಿದ ವಿದ್ಯಾರ್ಥಿ ಸಂಘಟನೆ ಅದನ್ನು ಓದಿತ್ತು. 2011ರಲ್ಲಿ ಕೈರೋದ ತಹ್ರೀರ್ ಚೌಕ ತುಂಬಿದಾಗ ಪತ್ರಕರ್ತರು ಈಸ್ಟ್ ಬಾಸ್ಟನ್ನಿನ ಆ ಮನೆ ಹುಡುಕಿಕೊಂಡು ಬಂದರು. ಮುದುಕರು ಕೀರ್ತಿಯನ್ನು ಸ್ವೀಕರಿಸಲಿಲ್ಲ. ಅದನ್ನು ಮಾಡಿದವರು ಈಜಿಪ್ಟಿನ ಜನ, ನಾನಲ್ಲ ಎಂದುಬಿಟ್ಟರು. ಅದಕ್ಕೆ ಮೊದಲೇ, 2007-08ರಲ್ಲಿ, ವೆನಿಜುವೆಲಾದ ಅಧ್ಯಕ್ಷ ಚಾವೆಜ್ ಮತ್ತು ಇರಾನಿನ ಸರ್ಕಾರ ಅವರನ್ನು ಅಮೆರಿಕದ ಗೂಢಚಾರರ ಕೈವಾಡವೆಂದು ಆರೋಪಿಸಿದ್ದವು. ಅಮೆರಿಕದ ನೀತಿಯನ್ನು ಸದಾ ಖಂಡಿಸುತ್ತಿದ್ದ ನೋಮ್ ಚಾಮ್‌ಸ್ಕಿ, ಹೊವರ್ಡ್ ಝಿನ್ ಅಂಥವರೇ ಆಗ ಶಾರ್ಪ್ ಅವರ ಪರವಾಗಿ ಬಹಿರಂಗ ಪತ್ರಕ್ಕೆ ಸಹಿ ಹಾಕಿದರು.

ಗೆಲುವಿನ ಕಥೆಯಷ್ಟನ್ನೇ ಹೇಳಿದರೆ ಇತಿಹಾಸಕ್ಕೆ ಅನ್ಯಾಯವಾಗುತ್ತದೆ. ಈಜಿಪ್ಟಿನಲ್ಲಿ ಮುಬಾರಕ್ ಇಳಿದರು. 2013ರಲ್ಲಿ ಸೈನ್ಯ ಮತ್ತೆ ಏರಿತು, ಆ ಆಗಸ್ಟ್‌ನಲ್ಲಿ ರಾಬಿಆ ಚೌಕದಲ್ಲಿ ನೂರಾರು ಜನ ಹತರಾದರು. ಸಿರಿಯಾದಲ್ಲಿ ಶಾಂತಿಯುತವಾಗಿ ತೊಡಗಿದ ಪ್ರತಿಭಟನೆ ಅಂತರ್ಯುದ್ಧವಾಗಿ ದೇಶವನ್ನೇ ಸುಟ್ಟಿತು. ಯಾರಿಗಾಗಿ ಪುಸ್ತಕ ಬರೆದರೋ ಆ ಬರ್ಮಾದಲ್ಲಿ 2021ರಲ್ಲಿ ಮತ್ತೆ ಸೈನಿಕ ಕ್ಷಿಪ್ರಕ್ರಾಂತಿಯಾಯಿತು. ವೈದ್ಯರು, ಶಿಕ್ಷಕರು ಕೆಲಸ ಬಿಟ್ಟು ಅಸಹಕಾರ ಹೂಡಿದರು, ಬರ್ಬರ ದಮನದ ನಂತರ ಅನೇಕ ಯುವಕರು ಬಂದೂಕು ಹಿಡಿದರು. ಸರ್ವಾಧಿಕಾರಿ ಬಿದ್ದ ಮರುದಿನವೇ ಅತ್ಯಂತ ಅಪಾಯದ ದಿನ, ಹೊಸಬನೊಬ್ಬ ಅವನ ಜಾಗ ಹಿಡಿಯದಂತೆ ಮೊದಲೇ ಸಜ್ಜಾಗಿರಬೇಕು ಎಂದು ಶಾರ್ಪ್ ಅವರು 1993ರಲ್ಲೇ ಬರೆದಿದ್ದರು. ಆ ಅಧ್ಯಾಯವನ್ನು ಓದಿದವರು ಕಡಿಮೆ. ಲೆಕ್ಕ ಬೇಕೆನ್ನುವವರಿಗೆ ಒಂದು ಮಾತು: ಎರಿಕಾ ಚೆನೊವೆತ್ ಮತ್ತು ಮರಿಯಾ ಸ್ಟೀಫನ್ ಎಂಬ ವಿದ್ವಾಂಸರು 1900ರಿಂದ 2006ರವರೆಗಿನ 323 ಹೋರಾಟಗಳನ್ನು ತುಲನೆ ಮಾಡಿದಾಗ ಅಹಿಂಸಾತ್ಮಕವಾದವುಗಳಲ್ಲಿ ನೂರಕ್ಕೆ 53, ಹಿಂಸಾತ್ಮಕವಾದವುಗಳಲ್ಲಿ ನೂರಕ್ಕೆ 26 ಗೆದ್ದಿದ್ದವು. 53 ಎಂದರೆ ಹೆಚ್ಚುಕಡಿಮೆ ಅರ್ಧ ಸೋತವೆಂದೂ ಓದಿಕೊಳ್ಳಬೇಕು.

ಶಾರ್ಪ್ ಅವರು ಆ ಮನೆಯ ಮೇಲಂತಸ್ತಿನಲ್ಲಿ ಆರ್ಕಿಡ್ ಹೂಗಿಡಗಳನ್ನು ಬೆಳೆಸುತ್ತ, ಕೆಳಗೆ ಬರೆಯುತ್ತ ಕೊನೆಯವರೆಗೂ ಸರಳವಾಗಿ ಬದುಕಿದರು. ಅಫ್ಘಾನಿಸ್ತಾನದಲ್ಲಿ ಹುಟ್ಟಿ, ಬಾಲ್ಯದಲ್ಲೇ ನಿರಾಶ್ರಿತೆಯಾಗಿ ಅಮೆರಿಕ ಸೇರಿದ ಜಮೀಲಾ ರಖೀಬ್ ಎಂಬ ಯುವತಿ 2002ರಲ್ಲಿ ಅವರ ಸಂಸ್ಥೆಗೆ ಬಂದು, ಕೊನೆಯ ವರ್ಷಗಳ ಕೆಲಸಕ್ಕೆಲ್ಲ ಹೆಗಲು ಕೊಟ್ಟರು. 2012ರಲ್ಲಿ ರೈಟ್ ಲೈವ್ಲಿಹುಡ್ ಪ್ರಶಸ್ತಿ ಬಂತು. 2018ರ ಜನವರಿ 28ರಂದು, ತೊಂಬತ್ತು ತುಂಬಿ ಒಂದು ವಾರವಾಗಿದ್ದಾಗ, ಅವರು ನಿಧನರಾದರು.

ಅವರ ತೆಳು ಪುಸ್ತಕಕ್ಕೆ ಹಕ್ಕು ಕಾಯ್ದಿರಿಸಿರಲಿಲ್ಲ. ಯಾರು ಬೇಕಾದರೂ ನಕಲು ಮಾಡಿಕೊಳ್ಳಬಹುದಿತ್ತು. 2015ರ ಜೂನ್‌ನಲ್ಲಿ ಆಫ್ರಿಕಾದ ಅಂಗೋಲಾ ದೇಶದ ರಾಜಧಾನಿ ಲುವಾಂಡಾದಲ್ಲಿ ಕೆಲವು ಯುವಕರು ಒಂದೆಡೆ ಕುಳಿತು, ಆ ಪುಸ್ತಕದ ಆಧಾರದ ಮೇಲೆ ಅಲ್ಲಿನವರೊಬ್ಬರು ಬರೆದ ಕೃತಿಯನ್ನು ಓದಿ ಚರ್ಚಿಸುತ್ತಿದ್ದರು. ಪೊಲೀಸರು ಬಂದು ಬಂಧಿಸಿದರು. ಅವರಲ್ಲೊಬ್ಬನಾದ ಗಾಯಕ ಲುವಾತಿ ಬೇರಾವ್ ಸೆರೆಯಲ್ಲಿ 36 ದಿನ ಉಪವಾಸ ಮಾಡಿದ. ಶಾರ್ಪ್ ಅವರ ಪಟ್ಟಿಯಲ್ಲಿ ಉಪವಾಸದ ಸಂಖ್ಯೆ 159. ಹದಿನೇಳು ಮಂದಿಗೆ ಎರಡರಿಂದ ಎಂಟೂವರೆ ವರ್ಷಗಳ ಶಿಕ್ಷೆಯಾಯಿತು, 2016ರ ಜೂನ್ ಕೊನೆಗೆ ಬಿಡುಗಡೆಯೂ ಆಯಿತು. ಅವರ ಕೈಯಲ್ಲಿ ಆಯುಧವಿರಲಿಲ್ಲ. ಓದುತ್ತಿದ್ದರು, ಅಷ್ಟೆ.